ತೊಟ್ಟಿಯಲ್ಲಿ ತುಂಬಿಟ್ಟ ಶಕ್ತಿ: ಡಾಕ್ಟರ್ ಮೆಸ್ಮರ್, ಒಂದು ಏಪ್ರಿಕಾಟ್ ಮರ ಮತ್ತು ಕಣ್ಣಿಗೆ ಕಟ್ಟಿದ ಬಟ್ಟೆ

ವಿಡಿಯೋ ಗೇಮ್‌ಗಳಲ್ಲಿ, ಫ್ಯಾಂಟಸಿ ಕಾದಂಬರಿಗಳಲ್ಲಿ ಮಾಂತ್ರಿಕರು ಬಂದಾಗ ಒಂದು ವಿಷಯ ಗಮನಿಸಿ. ಅವರ ಶಕ್ತಿಗೆ ಯಾವಾಗಲೂ ಒಂದು ಲೆಕ್ಕ ಇರುತ್ತೆ. ಸ್ಕ್ರೀನಿನ ಮೂಲೆಯಲ್ಲಿ ಒಂದು ನೀಲಿ ಪಟ್ಟಿ. ಮಂತ್ರ ಹಾಕಿದರೆ ಖಾಲಿಯಾಗುತ್ತೆ, ಸುಮ್ಮನೆ ಕೂತರೆ ತುಂಬಿಕೊಳ್ಳುತ್ತೆ. ಆ ಶಕ್ತಿಯನ್ನು ಓದಿಕೊಂಡ ಪಂಡಿತರು, ಅದನ್ನು ಹೇಳಿಕೊಡೋ ಗುಟ್ಟಿನ ಶಾಲೆ, ಶಾಲೆಗೆ ಫೀಸು, ಹೊರಗೆ ಬಾಯಿ ಬಿಡಲ್ಲ ಅನ್ನೋ ಪ್ರಮಾಣ, ಎಲ್ಲ ಇರುತ್ತೆ. ಕಟ್ಟುಕಥೆ, ಅಲ್ವಾ? ಆದ್ರೆ 1780ರ ದಶಕದ ಪ್ಯಾರಿಸ್‌ನಲ್ಲಿ ಇದೆಲ್ಲ ನಿಜವಾಗಿ ಇತ್ತು. ಪಂಡಿತ ಇದ್ದ. ಶಾಲೆ ಇತ್ತು. ಫೀಸು ನೂರು ಚಿನ್ನದ ನಾಣ್ಯ. ಶಕ್ತಿ ತುಂಬಿಡೋಕೆ ಮರದ ತೊಟ್ಟಿ ಕೂಡ ಇತ್ತು.

ಆ ಪಂಡಿತನ ಹೆಸರು ಫ್ರಾಂಜ್ ಆಂಟನ್ ಮೆಸ್ಮರ್. ಹೆಸರು ಎಲ್ಲೋ ಕೇಳಿದ ಹಾಗಿದೆಯಾ? ಕ್ರಿಕೆಟ್ ಕಾಮೆಂಟರಿಯಲ್ಲಿ, ಸಿನಿಮಾ ವಿಮರ್ಶೆಯಲ್ಲಿ "ಮೆಸ್ಮರೈಸ್ ಮಾಡಿಬಿಟ್ಟ" ಅಂತೀವಲ್ಲ, ಆ ಪದ ಬಂದಿದ್ದು ಈ ಮನುಷ್ಯನ ಹೆಸರಿಂದ.

ಇವತ್ತು ಅವನ ಕಥೆ ಹೇಳ್ತೀನಿ. ಇದನ್ನ ಮೋಸಗಾರನೊಬ್ಬ ಸಿಕ್ಕಿಬಿದ್ದ ಕಥೆ ಅಂತ ಹೇಳಿ ಹತ್ತು ನಿಮಿಷದಲ್ಲಿ ಮುಗಿಸಿಬಿಡಬಹುದು. ಬಹಳ ಜನ ಹಾಗೇ ಹೇಳ್ತಾರೆ. ನಾನು ಬಿ.ಕಾಂ ಓದಿದವನು, ಲೆಕ್ಕದ ಪುಸ್ತಕದಲ್ಲಿ ಎರಡು ಕಡೆ ನೋಡೋ ಅಭ್ಯಾಸ. ಎರಡೂ ಕಡೆ ನೋಡಿದರೆ ಈ ಕಥೆ ಬೇರೆ ಥರ ಕಾಣುತ್ತೆ.

ಮೆಸ್ಮರ್ ಹುಟ್ಟಿದ್ದು 1734ರ ಮೇ 23ರಂದು, ಈಗಿನ ಜರ್ಮನಿಯ ದಕ್ಷಿಣದಲ್ಲಿರೋ ಕಾನ್ಸ್ಟಾನ್ಸ್ ಸರೋವರದ ದಡದ ಇಟ್ಸ್‌ನಾಂಗ್ ಅನ್ನೋ ಹಳ್ಳಿಯಲ್ಲಿ. ಅಪ್ಪ ಅಲ್ಲಿನ ಬಿಷಪ್ಪರ ಕಾಡು ಕಾಯೋ ಕೆಲಸದಲ್ಲಿದ್ದರು. ಹುಡುಗ ಚೆನ್ನಾಗಿ ಓದಿದ. ವಿಯೆನ್ನಾಕ್ಕೆ ಹೋಗಿ 1766ರಲ್ಲಿ ವೈದ್ಯಕೀಯದಲ್ಲಿ ಡಾಕ್ಟರೇಟ್ ತಗೊಂಡ. ಪ್ರಬಂಧದ ವಿಷಯ, ಮನುಷ್ಯನ ದೇಹದ ಮೇಲೆ ಗ್ರಹಗಳ ಪ್ರಭಾವ. ಜಾತಕದ ಅರ್ಥದಲ್ಲಿ ಅಲ್ಲ. ಚಂದ್ರ ಸಮುದ್ರದ ನೀರನ್ನ ಎಳೆದು ಉಬ್ಬರ ತರಿಸಬಹುದಾದರೆ, ನಮ್ಮ ದೇಹದೊಳಗೂ ಒಂದು ಉಬ್ಬರ ಇಳಿತ ಇರಬೇಕಲ್ಲ ಅನ್ನೋ ವಾದ. ಪ್ರಬಂಧದ ದೊಡ್ಡ ಭಾಗವನ್ನ ಇಂಗ್ಲೆಂಡಿನ ವೈದ್ಯ ರಿಚರ್ಡ್ ಮೀಡ್ ಅವರ ಪುಸ್ತಕದಿಂದ ಎತ್ತಿದ್ದು ಅಂತ ಆಮೇಲೆ ಗೊತ್ತಾಯ್ತು. ಆಗ ಯಾರೂ ಕೇಳಲಿಲ್ಲ.

1768ರಲ್ಲಿ ಒಬ್ಬ ಶ್ರೀಮಂತ ವಿಧವೆಯನ್ನ ಮದುವೆಯಾದ. ದೊಡ್ಡ ಮನೆ, ದೊಡ್ಡ ತೋಟ, ಮನೆತುಂಬ ಸಂಗೀತಗಾರರು. ಮೊಜಾರ್ಟ್ ಕುಟುಂಬ ಅವನ ಸ್ನೇಹಿತರ ಬಳಗದಲ್ಲಿತ್ತು. ಮುಂದೆ 1790ರಲ್ಲಿ ಮೊಜಾರ್ಟ್ ತನ್ನ ಒಂದು ಒಪೇರಾದಲ್ಲಿ ಅಯಸ್ಕಾಂತ ಹಿಡಿದು ಬರೋ ನಕಲಿ ಡಾಕ್ಟರ್ ಪಾತ್ರ ಇಟ್ಟು ಮೆಸ್ಮರನ ಕಾಲೆಳೆದ. ಅದು ಆಮೇಲಿನ ಮಾತು.

ನಿಜವಾದ ತಿರುವು ಬಂದಿದ್ದು 1774ರಲ್ಲಿ. ಓಸ್ಟರ್ಲಿನ್ ಅನ್ನೋ ಯುವತಿ. ಸೆಳೆತ, ತಲೆನೋವು, ವಾಂತಿ, ಮೂರ್ಛೆ, ಒಂದಲ್ಲ ಒಂದು. ಆ ಕಾಲದ ಔಷಧಗಳು ಏನೂ ಮಾಡಲಿಲ್ಲ. ವಿಯೆನ್ನಾದ ಖಗೋಳಜ್ಞ, ಜೆಸ್ಯೂಟ್ ಪಾದ್ರಿ ಮ್ಯಾಕ್ಸಿಮಿಲಿಯನ್ ಹೆಲ್ ಅಯಸ್ಕಾಂತಗಳನ್ನ ಮಾಡಿಸಿ ಕೊಡ್ತಿದ್ದರು. ಮೆಸ್ಮರ್ ಆಕೆಗೆ ಕಬ್ಬಿಣದ ಅಂಶವಿರೋ ಔಷಧ ಕುಡಿಸಿ, ಮೈಮೇಲೆ ಆ ಅಯಸ್ಕಾಂತಗಳನ್ನ ಕಟ್ಟಿದ. ಮೈಯೊಳಗೆ ಏನೋ ಹರಿದು ಕೆಳಗಿಳೀತಿದೆ ಅಂತ ಆಕೆ ಹೇಳಿದಳು. ಕೆಲವು ಗಂಟೆ ಕಾಯಿಲೆ ನಿಂತಿತು. ಮತ್ತೆ ಮತ್ತೆ ಮಾಡಿದ. ಆಕೆ ಚೇತರಿಸಿಕೊಂಡಳು.

ಹೆಲ್ ಹೇಳಿದರು, ಗುಣ ಮಾಡಿದ್ದು ನನ್ನ ಅಯಸ್ಕಾಂತ. ಮೆಸ್ಮರ್ ಹೇಳಿದ, ಅಲ್ಲ, ಅಯಸ್ಕಾಂತ ಬರೀ ಪೈಪು. ಹರಿದಿದ್ದು ಬೇರೆ ಒಂದು ಶಕ್ತಿ, ಅದು ನನ್ನ ಮೈಯಿಂದಾನೂ ಹರಿಯುತ್ತೆ. ಕಾಗದ, ಬ್ರೆಡ್ಡು, ರೇಷ್ಮೆ, ಗಾಜು, ನೀರು, ಮನುಷ್ಯ, ನಾಯಿ, ಯಾವುದನ್ನ ಮುಟ್ಟಿದರೂ ಅದಕ್ಕೆ ಆ ಶಕ್ತಿ ತುಂಬಬಹುದು ಅಂದ. ಇದಕ್ಕೆ ಅವನು ಇಟ್ಟ ಹೆಸರು ಅನಿಮಲ್ ಮ್ಯಾಗ್ನೆಟಿಸಂ. ಇಲ್ಲಿ ಅನಿಮಲ್ ಅಂದ್ರೆ ಮೃಗ ಅಲ್ಲ, ಜೀವ ಇರೋದು. ಕನ್ನಡದಲ್ಲಿ ಜೀವಕಾಂತ ಅಂದುಕೊಳ್ಳೋಣ.

ಅವನ ಸಿದ್ಧಾಂತ ಸರಳ. ಇಡೀ ವಿಶ್ವದಲ್ಲಿ ಕಣ್ಣಿಗೆ ಕಾಣದ ಒಂದು ಸೂಕ್ಷ್ಮ ದ್ರವ ತುಂಬಿಕೊಂಡಿದೆ. ಗ್ರಹ, ಭೂಮಿ, ದೇಹ ಎಲ್ಲದರ ಮೂಲಕ ಹರಿಯುತ್ತೆ. ದೇಹದಲ್ಲಿ ಅದರ ಹರಿವು ಎಲ್ಲೋ ಕಟ್ಟಿಕೊಂಡರೆ ಅದೇ ರೋಗ. ಕಟ್ಟು ಒಡೆದು ಮತ್ತೆ ಹರಿಸಿದರೆ ಅದೇ ಚಿಕಿತ್ಸೆ. ಒಡೆಯುವಾಗ ರೋಗಿ ನಡುಗಬಹುದು, ಅಳಬಹುದು, ಚೀರಬಹುದು. ಅದನ್ನ ಅವನು 'ಕ್ರೈಸಿಸ್' ಅಂತ ಕರೆದ. ಅದು ಬಂದರೆ ಒಳ್ಳೇದು, ಗುಣ ಆಗ್ತಿದೆ ಅಂತ ಅರ್ಥ.

ಇದನ್ನ ಕೇಳಿ ನಗಬೇಡಿ. ಆ ಕಾಲಕ್ಕೆ ಹೋಗಿ ನೋಡಿ. ಗುರುತ್ವಾಕರ್ಷಣೆ ಕಣ್ಣಿಗೆ ಕಾಣಲ್ಲ, ಆದ್ರೆ ನ್ಯೂಟನ್ ಅದರ ಲೆಕ್ಕ ಕೊಟ್ಟಾಗಿತ್ತು. ವಿದ್ಯುತ್ತು ಕಣ್ಣಿಗೆ ಕಾಣದ ದ್ರವ ಅಂತಲೇ ಪಂಡಿತರು ಮಾತಾಡ್ತಿದ್ದರು. 1783ರಲ್ಲಿ ಪ್ಯಾರಿಸ್ ಜನ ಮನುಷ್ಯರು ಬಲೂನಿನಲ್ಲಿ ಆಕಾಶಕ್ಕೆ ಹೋಗೋದನ್ನ ಕಣ್ಣಾರೆ ನೋಡಿದರು. ಆಧುನಿಕ ರಸಾಯನಶಾಸ್ತ್ರದ ಪಿತಾಮಹ ಅಂತ ನಾವು ಹೈಸ್ಕೂಲಿನಲ್ಲಿ ಓದೋ ಲವಾಸಿಯೆ ಕೂಡ, ಶಾಖ ಅನ್ನೋದು ತೂಕವಿಲ್ಲದ ಒಂದು ದ್ರವ ಅಂತ ನಂಬಿದ್ದರು. 1789ರ ತಮ್ಮ ಪುಸ್ತಕದ ಮೂಲವಸ್ತುಗಳ ಪಟ್ಟಿಯಲ್ಲಿ ಅದಕ್ಕೂ ಜಾಗ ಕೊಟ್ಟರು. ಅಂಥ ದ್ರವವೇ ಇಲ್ಲ ಅಂತ ಆಮೇಲೆ ಗೊತ್ತಾಯ್ತು. ಹಾಗಾಗಿ ಕಾಣದ ದ್ರವದ ಬಗ್ಗೆ ಮಾತಾಡಿದ್ದು ಮೆಸ್ಮರನ ತಪ್ಪಲ್ಲ. ಅದು ಆ ಕಾಲದ ಮಾಮೂಲಿ ಭಾಷೆ.

ವಿಯೆನ್ನಾದಲ್ಲಿ ಅವನಿಗೆ ಪೆಟ್ಟು ಬಿದ್ದಿದ್ದು 1777ರಲ್ಲಿ. ಮರಿಯಾ ಥೆರೇಸಿಯಾ ಪ್ಯಾರಾಡಿಸ್ ಅಂತ, ಹದಿನೆಂಟು ವರ್ಷದ ಪಿಯಾನೊ ಕಲಾವಿದೆ. ಚಿಕ್ಕಂದಿನಲ್ಲೇ ದೃಷ್ಟಿ ಹೋಗಿತ್ತು. ರಾಣಿಯಿಂದ ಮಾಸಾಶನ ಬರ್ತಿತ್ತು. ಮೆಸ್ಮರ್ ಅವಳನ್ನ ತನ್ನ ಮನೆಯಲ್ಲಿಟ್ಟುಕೊಂಡು ಚಿಕಿತ್ಸೆ ಕೊಟ್ಟ. ಸ್ವಲ್ಪ ಕಾಣ್ತಿದೆ ಅಂತ ಅವನು ಹೇಳಿದ, ಮೊದಮೊದಲು ಮನೆಯವರೂ ಒಪ್ಪಿದರು. ಆದ್ರೆ ಹುಡುಗಿಯ ಪಿಯಾನೊ ಕೈ ತಪ್ಪತೊಡಗಿತು. ಅಪ್ಪ ಅಮ್ಮ ಬಂದು ಜಗಳ ಮಾಡಿ ಮಗಳನ್ನ ಕರೆದುಕೊಂಡು ಹೋದರು. ದೃಷ್ಟಿ ಇರಲಿಲ್ಲ. ವಿಯೆನ್ನಾದ ವೈದ್ಯರಂತೂ ಅದು ಬಂದೇ ಇರಲಿಲ್ಲ ಅಂದರು. ಮೆಸ್ಮರ್ ಊರು ಬಿಟ್ಟ.

ಪ್ಯಾರಾಡಿಸ್ ಬಗ್ಗೆ ಒಂದು ಮಾತು, ಯಾಕಂದ್ರೆ ಮೆಸ್ಮರ್ ಕಥೆ ಹೇಳೋರು ಅವಳನ್ನ ಇಲ್ಲೇ ಬಿಟ್ಟು ಮುಂದೆ ಹೋಗಿಬಿಡ್ತಾರೆ. ಅವಳು ಮುಂದೆ ಯುರೋಪಿನಾದ್ಯಂತ ಕಛೇರಿ ಮಾಡಿದಳು, ಸಂಗೀತ ರಚಿಸಿದಳು, 1808ರಲ್ಲಿ ವಿಯೆನ್ನಾದಲ್ಲಿ ಸಂಗೀತ ಶಾಲೆ ತೆರೆದಳು. ಯಾರ ಶಕ್ತಿಯ ಹಂಗೂ ಇಲ್ಲದೆ.

1778ರ ಫೆಬ್ರವರಿಯಲ್ಲಿ ಮೆಸ್ಮರ್ ಪ್ಯಾರಿಸ್ ಸೇರಿದ. ಇಲ್ಲಿಂದ ಶುರುವಾಗೋದು ಬಿಸಿನೆಸ್.

ರೋಗಿಗಳು ಎಷ್ಟು ಬಂದರು ಅಂದ್ರೆ ಒಬ್ಬೊಬ್ಬರನ್ನೇ ಮುಟ್ಟಿ ಚಿಕಿತ್ಸೆ ಕೊಡೋಕೆ ಆಗ್ತಿರಲಿಲ್ಲ. ಅದಕ್ಕೆ ತೊಟ್ಟಿ. ಮುಚ್ಚಳ ಇರೋ ದೊಡ್ಡ ಮರದ ತೊಟ್ಟಿ, ಒಳಗೆ ನೀರಿನ ಬಾಟಲಿಗಳು, ಕಬ್ಬಿಣದ ಪುಡಿ, ಗಾಜಿನ ಚೂರು. ಮುಚ್ಚಳದ ತೂತುಗಳಿಂದ ಬಗ್ಗಿಸಿದ ಕಬ್ಬಿಣದ ಸರಳುಗಳು ಹೊರಗೆ ಬರ್ತಿದ್ದವು. ಸುತ್ತ ಕೂತ ರೋಗಿಗಳು ನೋವಿರೋ ಜಾಗಕ್ಕೆ ಆ ಸರಳು ಒತ್ತಿಕೊಳ್ತಿದ್ದರು. ಎಲ್ಲರನ್ನೂ ಸುತ್ತಿ ಒಂದು ಹಗ್ಗ. ಕೋಣೆಯಲ್ಲಿ ಮಂದ ಬೆಳಕು, ಗಾಜಿನ ಬಟ್ಟಲುಗಳಿಂದ ಹೊರಡೋ ಹಾರ್ಮೋನಿಕಾ ಸಂಗೀತ. ನಡುವೆ ನೇರಳೆ ನಿಲುವಂಗಿ ಹಾಕಿದ ಡಾಕ್ಟರು. ಒಬ್ಬರು ನಡುಗೋಕೆ ಶುರು ಮಾಡಿದರೆ ಪಕ್ಕದವರಿಗೆ, ಅವರಿಂದ ಇನ್ನೊಬ್ಬರಿಗೆ. ಜೋರಾದವರನ್ನ ಮೆತ್ತೆ ಹಾಕಿದ ಪಕ್ಕದ ಕೋಣೆಗೆ ಎತ್ತಿಕೊಂಡು ಹೋಗ್ತಿದ್ದರು.

1781ರಲ್ಲಿ ಸರ್ಕಾರದಿಂದಲೇ ಆಫರ್ ಬಂತು. ವರ್ಷಕ್ಕೆ 20,000 ಲಿವ್ರ್ ಪಿಂಚಣಿ, ಜೊತೆಗೆ ಚಿಕಿತ್ಸಾಲಯಕ್ಕೆ 10,000. ಆದ್ರೆ ಸರ್ಕಾರ ಹೇಳಿದ ಶಿಷ್ಯರನ್ನ ಸೇರಿಸಿಕೊಳ್ಳಬೇಕು. ಅಂದ್ರೆ ಒಳಗೆ ಏನು ನಡೀತಿದೆ ಅಂತ ಬೇರೆಯವರು ನೋಡ್ತಾರೆ. ಮೆಸ್ಮರ್ ಬೇಡ ಅಂದ. ರಾಣಿ ಮರಿ ಆಂಟೊನೆಟ್‌ಗೆ ಪತ್ರ ಬರೆದು, ನಾಲ್ಕೈದು ಲಕ್ಷ ನಿಮಗೊಂದು ಲೆಕ್ಕವೇ ಅನ್ನೋ ಧಾಟಿಯಲ್ಲಿ ಮಾತಾಡಿದ.

ಸರ್ಕಾರದ ದುಡ್ಡು ಬೇಡ ಅಂದವನು 1783ರಲ್ಲಿ ಖಾಸಗಿ ಬಂಡವಾಳ ಎತ್ತಿದ. ಅವನ ಶಿಷ್ಯರಾದ ವಕೀಲ ಬೆರ್ಗಾಸ್ ಮತ್ತು ಬ್ಯಾಂಕರ್ ಕೋರ್ನ್‌ಮನ್ ಸೇರಿ 'ವಿಶ್ವ ಸಾಮರಸ್ಯ ಸಂಘ' ಕಟ್ಟಿದರು. ಸದಸ್ಯರಾಗೋಕೆ ನೂರು ಲೂಯಿ, ಅಂದ್ರೆ 2,400 ಲಿವ್ರ್. ಪ್ಯಾರಿಸ್ಸಿನ ಕೂಲಿಯವನಿಗೆ ದಿನಕ್ಕೆ ಒಂದೂವರೆ ಲಿವ್ರ್ ಸಿಕ್ಕರೆ ದೊಡ್ಡದು. ಲೆಕ್ಕ ಹಾಕಿ, ರಜೆಯಿಲ್ಲದೆ ದುಡಿದರೂ ನಾಲ್ಕು ವರ್ಷಕ್ಕಿಂತ ಹೆಚ್ಚಿನ ಕೂಲಿ. ಅದನ್ನ ಕೊಟ್ಟವರಿಗೆ ಗುಟ್ಟು ಹೇಳಿಕೊಡ್ತೀವಿ, ಯಾರಿಗೂ ಹೇಳಲ್ಲ ಅಂತ ಸಹಿ ಹಾಕಿ. ಅಮೆರಿಕದ ಯುದ್ಧದಲ್ಲಿ ಹೆಸರು ಮಾಡಿದ ಲಫಾಯೆಟ್ ಕೂಡ ಸದಸ್ಯ. ಲಿಯೋನ್, ಬೋರ್ಡೋ, ಸ್ಟ್ರಾಸ್‌ಬರ್ಗ್‌ಗಳಲ್ಲಿ ಶಾಖೆಗಳಾದವು. ಒಟ್ಟು ಮೂರು ಲಕ್ಷ ಲಿವ್ರ್‌ಗಿಂತ ಹೆಚ್ಚು ಬಂತು. ಇದಕ್ಕೆ ಇವತ್ತಿನ ಕಾಮರ್ಸ್ ಪುಸ್ತಕದಲ್ಲಿ ಫ್ರಾಂಚೈಸಿ ಅಂತ ಹೆಸರು. ಎಲ್ಲ ಫ್ರಾಂಚೈಸಿಯಲ್ಲೂ ಬರೋ ಜಗಳ ಇಲ್ಲೂ ಬಂತು. ದುಡ್ಡು ಕೊಟ್ಟಾಗಿದೆ, ಇನ್ನು ಗುಟ್ಟು ನಮ್ಮದು, ಜಗತ್ತಿಗೆ ಹೇಳ್ತೀವಿ ಅಂತ ಬೆರ್ಗಾಸ್ ಗುಂಪು. ಇಲ್ಲ, ಇನ್ನೂ ನನ್ನದೇ ಅಂತ ಮೆಸ್ಮರ್. 1785ರಲ್ಲಿ ಸಂಘ ಒಡೆದುಹೋಯ್ತು.

ಇಷ್ಟು ಕೇಳಿದ ಮೇಲೆ ಇವನು ಪಕ್ಕಾ ವ್ಯಾಪಾರಿ, ಗೊತ್ತಿದ್ದೂ ಮೋಸ ಮಾಡಿದವನು ಅಂತ ಅನ್ನಿಸುತ್ತೆ. ಈಗ ಪುಸ್ತಕದ ಇನ್ನೊಂದು ಕಡೆ ನೋಡಿ.

1780ರಲ್ಲಿ ಮೆಸ್ಮರನ ಪರವಾಗಿ ಅವನ ಶಿಷ್ಯ ಡಾಕ್ಟರ್ ದೆಸ್ಲೋನ್ ಪ್ಯಾರಿಸ್ಸಿನ ವೈದ್ಯಕೀಯ ಮಂಡಳಿಯ ಮುಂದೆ ಒಂದು ಪ್ರಸ್ತಾಪ ಇಟ್ಟರು. 24 ರೋಗಿಗಳನ್ನ ಆರಿಸಿ. 12 ಜನ ನಿಮ್ಮ ಚಿಕಿತ್ಸೆಗೆ, 12 ಜನ ಮೆಸ್ಮರ್ ಚಿಕಿತ್ಸೆಗೆ. ಯಾರು ಯಾವ ಕಡೆ ಅನ್ನೋದನ್ನ ಚೀಟಿ ಎತ್ತಿ ತೀರ್ಮಾನ ಮಾಡೋಣ, ಆಮೇಲೆ ಯಾವ ಕಡೆ ಹೆಚ್ಚು ಗುಣ ಆಯ್ತು ನೋಡೋಣ. ಚೀಟಿ ಯಾಕೆ? ಸುಲಭದ ರೋಗಿಗಳನ್ನ ಅವರಿಗೆ ಕೊಟ್ಟು ಕಷ್ಟದವರನ್ನ ನಮಗೆ ತಳ್ಳಿದರು ಅನ್ನೋ ಜಗಳ ಬರದಿರಲಿ ಅಂತ.

ವಿಜ್ಞಾನ ಓದಿದವರಿಗೆ ಇದು ತಕ್ಷಣ ಹೊಳೆಯುತ್ತೆ. ಇವತ್ತು ಹೊಸ ಔಷಧ ಬಂದರೆ ಮಾಡೋ ಪರೀಕ್ಷೆಯ ಅರ್ಧ ಭಾಗ ಇದು. ರೋಗಿಗಳನ್ನ ಚೀಟಿ ಎತ್ತಿ ಎರಡು ಗುಂಪು ಮಾಡೋದು. ಅದನ್ನ ಕೇಳಿದ್ದು ಅಂದಿನ ದೊಡ್ಡ ವೈದ್ಯರಲ್ಲ, ಎಲ್ಲರೂ ಢೋಂಗಿ ಅಂತಿದ್ದ ಮೆಸ್ಮರ್. ಮಂಡಳಿ ಒಪ್ಪಲಿಲ್ಲ. ದೆಸ್ಲೋನ್‌ರನ್ನೇ ಮಂಡಳಿಯಿಂದ ಹೊರಗೆ ಹಾಕೋ ದಾರಿ ಹಿಡಿಯಿತು. ಆ ಕಾಲದ ಮಾಮೂಲಿ ಚಿಕಿತ್ಸೆ ಅಂದ್ರೆ ರಕ್ತ ತೆಗೆಯೋದು, ಭೇದಿ ಮಾಡಿಸೋದು. ಆ ಪರೀಕ್ಷೆ ನಡೆದಿದ್ದರೆ, ಏನೂ ಮಾಡದೆ ಸಂಗೀತ ಕೇಳಿಸಿ ಕೂರಿಸೋ ಮೆಸ್ಮರ್ ಗೆಲ್ಲೋ ಸಾಧ್ಯತೆ ಚೆನ್ನಾಗೇ ಇತ್ತು ಅಂತ ನನ್ನ ಅನಿಸಿಕೆ. ಅವನ ದ್ರವ ನಿಜ ಅಂತಲ್ಲ. ಅವನು ರಕ್ತ ತೆಗೀತಿರಲಿಲ್ಲ ಅಂತ.

ಇನ್ನು ಪರೀಕ್ಷೆಯ ಉಳಿದರ್ಧಕ್ಕೆ ಬರೋಣ. ಇದು ಬಂದಿದ್ದು ಮೆಸ್ಮರನ ಎದುರಾಳಿಗಳಿಂದ.

1784ರ ಮಾರ್ಚ್‌ನಲ್ಲಿ ರಾಜ 16ನೇ ಲೂಯಿ ಒಂದು ಆಯೋಗ ನೇಮಿಸಿದ. ವೈದ್ಯಕೀಯ ಮಂಡಳಿಯಿಂದ ನಾಲ್ವರು, ವಿಜ್ಞಾನ ಅಕಾಡೆಮಿಯಿಂದ ಐವರು. ಮುಖ್ಯಸ್ಥರ ಜಾಗದಲ್ಲಿ ಅಮೆರಿಕದ ರಾಯಭಾರಿ, 78 ವರ್ಷದ ಬೆಂಜಮಿನ್ ಫ್ರಾಂಕ್ಲಿನ್. ಜೊತೆಗೆ ಲವಾಸಿಯೆ, ಖಗೋಳಜ್ಞ ಬೈಯಿ, ವೈದ್ಯ ಗಿಲೊಟಿನ್. ಮೆಸ್ಮರ್ ಸಹಕರಿಸಲಿಲ್ಲ. ಅಷ್ಟೊತ್ತಿಗೆ ಗುರುವಿನ ಜೊತೆ ಜಗಳವಾಡಿ ಬೇರೆ ಚಿಕಿತ್ಸಾಲಯ ಇಟ್ಟಿದ್ದ ದೆಸ್ಲೋನ್ ಮುಂದೆ ಬಂದರು. ಅವನಿಗೆ ನನ್ನ ವಿದ್ಯೆ ಪೂರ್ತಿ ಗೊತ್ತಿಲ್ಲ ಅಂತ ಮೆಸ್ಮರ್ ಪ್ರತಿಭಟಿಸಿದ. ಆಯೋಗ ಕೇಳಲಿಲ್ಲ.

ಆಡಿಟ್ ಗೊತ್ತಿರೋರಿಗೆ ಈ ಆಯೋಗದ ಕೆಲಸ ಬಹಳ ಇಷ್ಟವಾಗುತ್ತೆ. ಕಂಪನಿಗೆ ಲಾಭ ಬಂತಾ ಅಂತ ಅವರು ಮೊದಲು ಕೇಳಲಿಲ್ಲ. ಪುಸ್ತಕದಲ್ಲಿ ಬರೆದಿರೋ ಸರಕು ಗೋಡೌನಿನಲ್ಲಿ ಇದೆಯಾ ಅಂತ ಕೇಳಿದರು. ಜನ ಗುಣವಾಗೋದು ಹತ್ತು ಕಾರಣಕ್ಕೆ ಇರಬಹುದು, ತಾನಾಗೇ ಗುಣವಾಗೋ ಕಾಯಿಲೆಗಳೂ ಇವೆ. ಹಾಗಾಗಿ ಗುಣವಾದವರ ಪಟ್ಟಿ ಬೇಡ, ಆ ದ್ರವ ಇದೆಯಾ ತೋರಿಸಿ.

ಮೊದಲು ಉಪಕರಣ ಇಟ್ಟು ನೋಡಿದರು. ತೊಟ್ಟಿಯಲ್ಲಿ ವಿದ್ಯುತ್ತೂ ಇಲ್ಲ, ಅಯಸ್ಕಾಂತದ ಗುಣವೂ ಇಲ್ಲ. ಆಮೇಲೆ ವಾರಕ್ಕೊಮ್ಮೆ ತಾವೇ ತೊಟ್ಟಿಯ ಸುತ್ತ ಕೂತರು. ಏನೂ ಆಗಲಿಲ್ಲ. ಆಮೇಲೆ ಬಂದಿದ್ದು ಇತಿಹಾಸಕ್ಕೆ ಸೇರಿದ ಐಡಿಯಾ. ರೋಗಿಯ ಕಣ್ಣಿಗೆ ಬಟ್ಟೆ ಕಟ್ಟಿ.

ಫ್ರಾಂಕ್ಲಿನ್‌ಗೆ ಆರೋಗ್ಯ ಸರಿಯಿರಲಿಲ್ಲ, ಅದಕ್ಕೆ ಕೆಲವು ಪ್ರಯೋಗ ಪ್ಯಾರಿಸ್ ಹತ್ತಿರದ ಪಾಸಿಯ ಅವರ ಮನೆಯಲ್ಲೇ ನಡೆದವು. ತೋಟದಲ್ಲಿ ಒಂದು ಏಪ್ರಿಕಾಟ್ ಮರ. ದೆಸ್ಲೋನ್ ಆ ಮರಕ್ಕೆ ಶಕ್ತಿ ತುಂಬಿದರು. ಹನ್ನೆರಡು ವರ್ಷದ ಹುಡುಗನೊಬ್ಬ, ಶಕ್ತಿ ಚೆನ್ನಾಗಿ ತಟ್ಟುತ್ತೆ ಅಂತ ದೆಸ್ಲೋನ್ ಅವರೇ ಕರೆತಂದವನು. ಕಣ್ಣಿಗೆ ಬಟ್ಟೆ ಕಟ್ಟಿ ಅವನನ್ನ ಬೇರೆ ಬೇರೆ ಮರಗಳ ಹತ್ತಿರ ಕರೆದುಕೊಂಡು ಹೋದರು. ಮೊದಲ ಮರದಲ್ಲೇ ಬೆವರಿದ, ಕೆಮ್ಮಿದ. ಮುಂದೆ ಮುಂದೆ ಹೋದಂತೆ ಹೆಚ್ಚಾಯ್ತು. ನಾಲ್ಕನೇ ಮರದ ಹತ್ತಿರ ಪ್ರಜ್ಞೆ ತಪ್ಪಿ ಬಿದ್ದ. ಶಕ್ತಿ ತುಂಬಿದ ಮರ ಇದ್ದಿದ್ದು ಇನ್ನೂ ಇಪ್ಪತ್ತನಾಲ್ಕು ಅಡಿ ಆಚೆ.

ದೆಸ್ಲೋನ್ ಕೊಟ್ಟ ವಿವರಣೆ, ಎಲ್ಲ ಮರಗಳಲ್ಲೂ ಸ್ವಲ್ಪ ಶಕ್ತಿ ಇದ್ದೇ ಇರುತ್ತೆ. ಹಾಗಿದ್ರೆ ಆ ಹುಡುಗ ಯಾವ ತೋಟಕ್ಕೂ ಕಾಲಿಡೋ ಹಾಗೇ ಇಲ್ವಲ್ಲ, ಅಲ್ವಾ?

ಲವಾಸಿಯೆ ಮನೆಯಲ್ಲಿ ಇನ್ನೊಂದು. ಒಬ್ಬ ಮಹಿಳೆಗೆ ಒಂದರ ಹಿಂದೆ ಒಂದು ಬಟ್ಟಲು ಕೊಟ್ಟರು, ಯಾವುದರಲ್ಲೂ ಶಕ್ತಿ ತುಂಬಿರಲಿಲ್ಲ. ನಾಲ್ಕನೇದಕ್ಕೆ ಆಕೆಗೆ ಕ್ರೈಸಿಸ್ ಬಂತು. ಸುಧಾರಿಸಿಕೊಂಡು ನೀರು ಕೇಳಿದಾಗ ಕೊಟ್ಟಿದ್ದು ನಿಜವಾಗಿ ದೆಸ್ಲೋನ್ ಶಕ್ತಿ ತುಂಬಿದ್ದ ಬಟ್ಟಲು. ನೆಮ್ಮದಿಯಾಗಿ ಕುಡಿದಳು. ಇನ್ನೊಬ್ಬಳನ್ನ ಕಾಗದದ ತಡಿಕೆಯ ಹಿಂದಿನಿಂದ ಅವಳಿಗೆ ಗೊತ್ತಾಗದ ಹಾಗೆ ಅರ್ಧ ಗಂಟೆ ಮ್ಯಾಗ್ನೆಟೈಸ್ ಮಾಡಿದರು. ಅವಳು ಖುಷಿಯಾಗಿ ಹರಟುತ್ತಾ ಕೂತಿದ್ದಳು.

ಅಂದ್ರೆ ಗೊತ್ತಿದ್ದರೆ ಪರಿಣಾಮ ಇದೆ, ಶಕ್ತಿ ಇಲ್ಲದಿದ್ದರೂ. ಗೊತ್ತಿಲ್ಲದಿದ್ದರೆ ಪರಿಣಾಮ ಇಲ್ಲ, ಶಕ್ತಿ ಇದ್ದರೂ. 1784ರ ಆಗಸ್ಟ್‌ನಲ್ಲಿ ವರದಿ ಬಂತು. ದ್ರವ ಇಲ್ಲ, ಇದೆಲ್ಲ ಕಲ್ಪನೆಯ ಕೆಲಸ ಅಂತ ತೀರ್ಪು. ಸಾವಿರಾರು ಪ್ರತಿ ಅಚ್ಚಾಗಿ ಹಂಚಿಹೋಯ್ತು. ಮೆಸ್ಮರನ ಪ್ಯಾರಿಸ್ ದಿನಗಳು ಮುಗಿಯುತ್ತಾ ಬಂದವು.

ಈ ತೀರ್ಪು ಸರಿ. ನೂರಕ್ಕೆ ನೂರು ಸರಿ. ಆದ್ರೆ ನನಗೆ ಇಲ್ಲಿ ನಿಲ್ಲೋಕೆ ಆಗಲ್ಲ. ಯಾಕೆ ಅಂತ ಹೇಳ್ತೀನಿ.

ನಮ್ಮ ದೊಡ್ಡಮ್ಮ ಮೂರು ವರ್ಷದ ಹಿಂದೆ ಒಂದು ಮ್ಯಾಗ್ನೆಟಿಕ್ ಹಾಸಿಗೆ ತಗೊಂಡರು. ಪರಿಚಯದವರೇ ಮನೆಗೆ ಬಂದು ಮಾರಿದ್ದು. ಇನ್ನಿಬ್ಬರನ್ನ ಸೇರಿಸಿದರೆ ಕಮಿಷನ್ ಕೂಡ ಸಿಗುತ್ತೆ ಅನ್ನೋ ಸ್ಕೀಮು. ಕಂಪನಿ ಹೆಸರು ಬೇಡ. ರಕ್ತದ ಹರಿವಿನಲ್ಲಿರೋ ಅಡಚಣೆ ಸರಿಯಾಗುತ್ತೆ ಅಂತ ಡೆಮೋದಲ್ಲಿ ಹೇಳಿದರಂತೆ. ಮೆಸ್ಮರ್ ಹೇಳಿದ್ದರಲ್ಲಿ 'ದ್ರವ' ತೆಗೆದು 'ರಕ್ತ' ಹಾಕಿ, ಅಷ್ಟೇ ವ್ಯತ್ಯಾಸ. ಬೆಲೆ ಕೇಳಿ ನಾನು ಸಿಟ್ಟಾದೆ. ಆದ್ರೆ ದೊಡ್ಡಮ್ಮ ಹೇಳಿದ್ದು, "ನಿನ್ನ ಲೆಕ್ಕ ನಿನಗೆ ಇರಲಿ ಮಗಾ, ರಾತ್ರಿ ನಿದ್ದೆ ಬರ್ತಿದೆ, ಬೆಳಿಗ್ಗೆ ಮಂಡಿ ಹಿಡ್ಕೊಳ್ಳಲ್ಲ. ಅದಕ್ಕೇನು ಹೇಳ್ತೀಯ?"

ಅದಕ್ಕೇನು ಹೇಳೋದು? ಹಾಸಿಗೆಯಲ್ಲಿ ಅಂಥ ಶಕ್ತಿ ಇಲ್ಲ ಅಂತ ನಾನು ಹೇಳಿದರೆ, ಅದು ಅವರ ಪ್ರಶ್ನೆಗೆ ಉತ್ತರ ಅಲ್ಲ. ಅವರಿಗೆ ನಿದ್ದೆ ಬರ್ತಿರೋದು ಸುಳ್ಳಲ್ಲ. ಫ್ರಾಂಕ್ಲಿನ್ ಆಯೋಗದ ಮುಂದೆ ಇದ್ದಿದ್ದೂ ಇದೇ ಎರಡು ಪ್ರಶ್ನೆ. ಶಕ್ತಿ ಇದೆಯಾ ಅನ್ನೋದು ಒಂದು. ಜನಕ್ಕೆ ಹಿತವಾಯ್ತಾ, ಆಗಿದ್ದರೆ ಯಾವುದರಿಂದ ಅನ್ನೋದು ಇನ್ನೊಂದು. ಮೊದಲನೇದಕ್ಕೆ ಅದ್ಭುತವಾದ ಉತ್ತರ ಕೊಟ್ಟರು. ಎರಡನೇದಕ್ಕೆ ಕಲ್ಪನೆ ಅಂತ ಒಂದು ಹೆಸರು ಕೊಟ್ಟು ಫೈಲ್ ಮುಚ್ಚಿದರು. ಕಲ್ಪನೆಗೆ ಮನುಷ್ಯನನ್ನ ಬೆವರಿಸಿ ಪ್ರಜ್ಞೆ ತಪ್ಪಿಸೋ ತಾಕತ್ತು ಇದ್ದರೆ, ಅದೇ ಒಂದು ದೊಡ್ಡ ಸಂಶೋಧನೆ ಅಲ್ವಾ? ಕಲ್ಪನೆಯ ಚಿಕಿತ್ಸೆಯೇ ಚೆನ್ನಾಗಿ ಕೆಲಸ ಮಾಡೋದಾದರೆ ಅದನ್ನೇ ಯಾಕೆ ಮಾಡಬಾರದು ಅಂತ ದೆಸ್ಲೋನ್ ಮೊದಲೇ ಕೇಳಿದ್ದರು. ಉತ್ತರ ಸಿಗಲಿಲ್ಲ.

ಎರಡನೇ ಪ್ರಶ್ನೆಯನ್ನ ಕೈಗೆತ್ತಿಕೊಂಡವರು ಬೇರೆಯವರು. ಆಯೋಗ ಕೆಲಸ ಮಾಡ್ತಿದ್ದ ಅದೇ 1784ರಲ್ಲಿ, ಬ್ಯುಜಾಂಸಿ ಅನ್ನೋ ಹಳ್ಳಿಯಲ್ಲಿ ಮೆಸ್ಮರನ ಶಿಷ್ಯ ಪ್ಯುಸೆಗೂರ್ ತನ್ನ ಜಮೀನಿನ ರೈತ ಹುಡುಗ ವಿಕ್ಟರ್ ರಾಸ್‌ನನ್ನ ಮ್ಯಾಗ್ನೆಟೈಸ್ ಮಾಡಿದ. ಹುಡುಗ ನಡುಗಲಿಲ್ಲ, ಚೀರಲಿಲ್ಲ. ನಿದ್ದೆ ಹೋದಂತೆ ಕಂಡ, ಆದ್ರೆ ಮಾತಾಡಿದ, ಹೇಳಿದ್ದು ಕೇಳಿದ. ಎದ್ದ ಮೇಲೆ ಏನೂ ನೆನಪಿಲ್ಲ. ಇಲ್ಲಿ ಕೆಲಸ ಮಾಡ್ತಿರೋದು ನಂಬಿಕೆ ಮತ್ತು ಇಚ್ಛೆ ಅಂತ ಪ್ಯುಸೆಗೂರ್ ನಿಧಾನವಾಗಿ ಕಂಡುಕೊಂಡ. 1841ರಲ್ಲಿ ಮ್ಯಾಂಚೆಸ್ಟರಿನ ಸರ್ಜನ್ ಜೇಮ್ಸ್ ಬ್ರೇಡ್ ಒಂದು ಮೆಸ್ಮರಿಸಂ ಪ್ರದರ್ಶನ ನೋಡೋಕೆ ಹೋದರು, ಮೋಸ ಹಿಡೀಬೇಕು ಅಂತ. ಹೊಳೆಯೋ ವಸ್ತುವನ್ನೇ ದಿಟ್ಟಿಸೋ ಹಾಗೆ ಮಾಡಿದರೂ ಅದೇ ಸ್ಥಿತಿ ಬರುತ್ತೆ, ದ್ರವ ಬೇಕಾಗೇ ಇಲ್ಲ ಅಂತ ತೋರಿಸಿದರು. ಇವತ್ತು ನಾವು ಹಿಪ್ನಾಟಿಸಂ ಅನ್ನೋ ಹೆಸರಿಗೆ ನೆಲೆ ಸಿಕ್ಕಿದ್ದು ಅವರಿಂದ.

ಈ ಕಥೆ ಭಾರತಕ್ಕೂ ಬಂತು. 1845ರ ಏಪ್ರಿಲ್. ಬಂಗಾಳದ ಹೂಗ್ಲಿ. ಈಸ್ಟ್ ಇಂಡಿಯಾ ಕಂಪನಿಯ ಸ್ಕಾಟಿಷ್ ಸರ್ಜನ್ ಜೇಮ್ಸ್ ಎಸ್ಡೇಲ್. ಅರಿವಳಿಕೆ ಇನ್ನೂ ಬಂದಿರಲಿಲ್ಲ. ಆಪರೇಷನ್ ಅಂದ್ರೆ ನಾಲ್ಕು ಜನ ಹಿಡಿದುಕೊಳ್ಳೋದು, ರೋಗಿ ಕಿರುಚೋದು. ಎಸ್ಡೇಲ್ ಮೆಸ್ಮರಿಸಂ ಬಗ್ಗೆ ಓದಿದ್ದರು ಅಷ್ಟೇ. ನೋವಿನಿಂದ ಒದ್ದಾಡ್ತಿದ್ದ ಒಬ್ಬ ಕೈದಿಯ ಮೇಲೆ ಪ್ರಯತ್ನಿಸಿ ನೋಡಿದರು. ಆತನಿಗೆ ಗಾಢ ನಿದ್ದೆ ಬಂತು, ಚುಚ್ಚಿದರೂ ಅಲುಗಾಡಲಿಲ್ಲ. ಆಮೇಲೆ ಆನೆಕಾಲು ರೋಗದಿಂದ ಬೆಳೆದ ದೊಡ್ಡ ದೊಡ್ಡ ಗೆಡ್ಡೆಗಳನ್ನೂ ಹೀಗೇ ತೆಗೆದರು. ಗಂಟೆಗಟ್ಟಲೆ ಕೈಯಾಡಿಸಿ ರೋಗಿಯನ್ನ ಆ ಸ್ಥಿತಿಗೆ ತರ್ತಿದ್ದವರು ಆಸ್ಪತ್ರೆಯ ಸ್ಥಳೀಯ ಸಹಾಯಕರು. ಎಸ್ಡೇಲ್ ಪುಸ್ತಕ 1846ರಲ್ಲಿ ಬಂತು, ಹೆಸರು ಅವರದ್ದಾಯ್ತು. ದಣಿದ ಆ ಕೈಗಳ ಹೆಸರು ಯಾರಿಗೂ ನೆನಪಿಲ್ಲ. ಸರ್ಕಾರ ಒಂದು ಸಮಿತಿ ಕಳಿಸಿ ನೋಡಿತು, ಕಲ್ಕತ್ತಾದಲ್ಲಿ ಒಂದು ವರ್ಷಕ್ಕೆ ಸಣ್ಣ ಆಸ್ಪತ್ರೆ ಕೊಟ್ಟಿತು.

ಆದ್ರೆ ಅದೇ 1846ರ ಅಕ್ಟೋಬರ್‌ನಲ್ಲಿ ಅಮೆರಿಕದ ಬೋಸ್ಟನ್‌ನಲ್ಲಿ ಈಥರ್ ಕೊಟ್ಟು ಆಪರೇಷನ್ ಮಾಡಿ ತೋರಿಸಿದರು. ಮರುವರ್ಷ ಕ್ಲೋರೋಫಾರ್ಮ್. ಗಂಟೆಗಳ ಕೆಲಸ ನಿಮಿಷಗಳಲ್ಲಿ ಆಗತೊಡಗಿತು, ಅದೂ ನಂಬುವವರಿಗೂ ನಂಬದವರಿಗೂ ಒಂದೇ ಥರ. ನಿಜವಾದ ಔಷಧಕ್ಕೂ ಈ ಶಕ್ತಿಗೂ ಇರೋ ವ್ಯತ್ಯಾಸ ಇದಕ್ಕಿಂತ ಸ್ಪಷ್ಟವಾಗಿ ಎಲ್ಲೂ ಸಿಗಲ್ಲ. ಕ್ಲೋರೋಫಾರ್ಮ್‌ಗೆ ನಿಮ್ಮ ಒಪ್ಪಿಗೆ ಬೇಕಾಗಿಲ್ಲ.

ಕಣ್ಣಿಗೆ ಬಟ್ಟೆ ಕಟ್ಟೋ ಐಡಿಯಾ ಏನಾಯ್ತು? ಅದೂ ಬದುಕಿತು. ಅಮೆರಿಕದ ಎಲಿಷಾ ಪರ್ಕಿನ್ಸ್ 1796ರಲ್ಲಿ ಎರಡು ಲೋಹದ ಕಡ್ಡಿಗೆ ಪೇಟೆಂಟ್ ತಗೊಂಡು, ಮೈಮೇಲೆ ಎಳೆದರೆ ನೋವು ಹೋಗುತ್ತೆ ಅಂತ ಮಾರಿದ. 1799ರಲ್ಲಿ ಇಂಗ್ಲೆಂಡಿನ ಬಾತ್ ನಗರದಲ್ಲಿ ಜಾನ್ ಹೇಗಾರ್ತ್ ಅನ್ನೋ ವೈದ್ಯರು ಅದೇ ಥರ ಕಾಣೋ ಮರದ ಕಡ್ಡಿ ಮಾಡಿಸಿ ಐದು ರೋಗಿಗಳ ಮೇಲೆ ಎಳೆದರು. ನಾಲ್ವರಿಗೆ ಹಿತವಾಯ್ತು. ಮರುದಿನ ಲೋಹದ್ದು ಎಳೆದರು, ಫಲ ಅಷ್ಟೇ. ಹೇಗಾರ್ತ್ ಪರ್ಕಿನ್ಸನ ಗುಟ್ಟನ್ನ ಒಡೆದು ಸುಮ್ಮನಾಗಲಿಲ್ಲ. ಮನಸ್ಸಿಗೆ ರೋಗ ತರೋ ಮತ್ತು ಗುಣ ಮಾಡೋ ಶಕ್ತಿ ಎಷ್ಟಿದೆ ಅಂತ ಬರೆದರು. ನಾವು ಇವತ್ತು ಪ್ಲಸೀಬೊ ಅನ್ನೋದರ ಅಧ್ಯಯನಕ್ಕೆ ಅದು ಒಂದು ಮೊದಲ ಮೆಟ್ಟಿಲು.

ಚೀಟಿ ಎತ್ತೋದು, ಗೊತ್ತಾಗದ ಹಾಗೆ ಮಾಡೋದು, ಈ ಎರಡು ಅರ್ಧಗಳು ವೈದ್ಯಕೀಯದ ದೈನಂದಿನ ಪದ್ಧತಿಯಾಗೋಕೆ 20ನೇ ಶತಮಾನ ಬರಬೇಕಾಯ್ತು. 1948ರಲ್ಲಿ ಪ್ರಕಟವಾದ, ಕ್ಷಯರೋಗದ ಸ್ಟ್ರೆಪ್ಟೊಮೈಸಿನ್ ಔಷಧದ ಬ್ರಿಟಿಷ್ ಪರೀಕ್ಷೆಯನ್ನ ಅದರ ಮೈಲಿಗಲ್ಲು ಅಂತಾರೆ. 1780ರ ದಶಕದಲ್ಲೇ ಎರಡೂ ಅರ್ಧಗಳು ಒಂದೇ ಊರಲ್ಲಿ, ಒಂದೇ ಜಗಳದಲ್ಲಿ ಇದ್ದವು. ಒಂದು ಒಬ್ಬರ ಕೈಯಲ್ಲಿ, ಇನ್ನೊಂದು ಎದುರಾಳಿಯ ಕೈಯಲ್ಲಿ. ಅವನು ಢೋಂಗಿ ಅಂತ ಇವರು, ಇವರು ಅಹಂಕಾರಿಗಳು ಅಂತ ಅವನು. ಯಾರೂ ಎರಡನ್ನ ಒಟ್ಟಿಗೆ ಇಡಲಿಲ್ಲ. ನನಗೆ ಈ ಇಡೀ ಕಥೆಯಲ್ಲಿ ಬೇಜಾರಾಗೋದು ಇದೊಂದೇ.

ಆ ಜನರೆಲ್ಲ ಏನಾದರು? ಹತ್ತು ವರ್ಷದೊಳಗೆ ಕ್ರಾಂತಿ ಬಂತು. ಆಯೋಗ ನೇಮಿಸಿದ ರಾಜ, ವರದಿ ಬರೆದ ಬೈಯಿ, ಬಟ್ಟಲಿನ ಪ್ರಯೋಗ ನಡೆದ ಮನೆಯ ಲವಾಸಿಯೆ, ಮೂವರ ತಲೆಯನ್ನೂ ಉರುಳಿಸಿದ ಯಂತ್ರಕ್ಕೆ ಆಯೋಗದ ಇನ್ನೊಬ್ಬ ಸದಸ್ಯನ ಹೆಸರು. ಗಿಲೊಟಿನ್. ಮೆಸ್ಮರ್ ಮಾತ್ರ ಬದುಕಿದ. ಅಲ್ಲಿ ಇಲ್ಲಿ ಅಲೆದು ಕೊನೆಗೆ ತಾನು ಹುಟ್ಟಿದ ಸರೋವರದ ಕಡೆಗೇ ವಾಪಸ್ ಬಂದ. 1812ರಲ್ಲಿ ಬರ್ಲಿನ್‌ನಿಂದ ವೂಲ್ಫಾರ್ಟ್ ಅನ್ನೋ ವೈದ್ಯ ಅವನ ವಿದ್ಯೆ ಕಲಿಯೋಕೆ ಹುಡುಕಿಕೊಂಡು ಬಂದ. 1815ರ ಮಾರ್ಚ್ 5ರಂದು ಮೇರ್ಸ್‌ಬರ್ಗ್‌ನಲ್ಲಿ ಮೆಸ್ಮರ್ ತೀರಿಕೊಂಡ. ದ್ರವದ ಮೇಲಿನ ನಂಬಿಕೆ ಕೊನೆಯವರೆಗೂ ಬಿಡಲಿಲ್ಲ.

ಮ್ಯಾಗ್ನೆಟಿಕ್ ಬಳೆ, ಎನರ್ಜಿ ಪೆಂಡೆಂಟು, ಶಕ್ತಿ ತುಂಬಿದ ನೀರು, ಇಂಥದ್ದನ್ನ ಮಾರೋಕೆ ನಿಮ್ಮ ಮನೆಗೂ ಯಾರಾದ್ರೂ ಬರ್ತಾರೆ. ಬಂದಾಗ ಗುಣವಾದವರ ಪಟ್ಟಿ ತೋರಿಸ್ತಾರೆ. ಆಗ ಏಪ್ರಿಕಾಟ್ ಮರ ನೆನಪಿಸಿಕೊಳ್ಳಿ. ಕಣ್ಣು ಕಟ್ಟಿದರೂ ಇದು ಕೆಲಸ ಮಾಡುತ್ತಾ ಅಂತ ಕೇಳಿ. ಮಾಡಲ್ಲ ಅಂತಾದರೆ ದುಡ್ಡು ಕೊಡಬೇಡಿ, ಡಾಕ್ಟರು ಬರೆದ ಮಾತ್ರೆಯನ್ನಂತೂ ನಿಲ್ಲಿಸಲೇಬೇಡಿ. ಆದ್ರೆ ನಿಮ್ಮ ಮನೆಯ ಹಿರಿಯರು ಹಿತವಾಯ್ತು ಅಂದರೆ ನಗಬೇಡಿ. ಯಾರೋ ಒಬ್ಬರು ಪಕ್ಕದಲ್ಲಿ ಕೂತು, ನೋವು ಎಲ್ಲಿದೆ ಅಂತ ಕೇಳಿ, ಅರ್ಧ ಗಂಟೆ ಕೊಟ್ಟಿದ್ದಕ್ಕೂ ಹಿತವಾಗಿರಬಹುದು. ಅದಕ್ಕೆ ಹಾಸಿಗೆ ಬೇಕಾಗಿಲ್ಲ, ನೂರು ಲೂಯಿಯೂ ಬೇಕಾಗಿಲ್ಲ.

ಇವತ್ತಿಗೆ ಇಷ್ಟು. ಮುಂದಿನ ಸಂಚಿಕೆಯಲ್ಲಿ ಸಿಗೋಣ.